ಗ್ಲಾಡಿಯೇಟರ್ ಕಾಳಗ ಶುರುವಾಗಿದ್ದೇ ಸಾವಿನ ಮನೆಯಿಂದ

ಹಳೇ ರೋಮ್‌ನ ಗ್ಲಾಡಿಯೇಟರ್ (ಜನರ ಮುಂದೆ ಆಯುಧ ಹಿಡಿದು ಕಾದಾಡುವ ಆಳು) ಕಾಳಗಕ್ಕೂ ಧರ್ಮಕ್ಕೂ ಸಂಬಂಧ ಇತ್ತಾ, ಇಲ್ಲಾ ಅದು ಸುಮ್ನೆ ಮೋಜಾ ಅಂತ ಕೇಳಿದ್ದೀರಿ. ಖಂಡಿತ ಇತ್ತು. ಕ್ರಿ.ಪೂ. 264ರಲ್ಲಿ ಬ್ರೂಟಸ್ ಪೆರಾ ಅನ್ನೋ ರೋಮ್‌ನ ಗಣ್ಯ ತೀರಿಕೊಂಡಾಗ ಅವನ ಮಕ್ಕಳು ರೋಮ್‌ನ ದನದ ಸಂತೆ ಬಯಲಲ್ಲಿ ಮೂರು ಜೋಡಿ ಆಳುಗಳನ್ನು ಕಾದಾಡಿಸಿದರು. ಇದನ್ನು 'ಮುನುಸ್' ಅನ್ನುತ್ತಿದ್ದರು, ಸತ್ತವರಿಗೆ ತೀರಿಸಬೇಕಾದ ಋಣ ಅಂತ. ಆಮೇಲೆ ರಾಜಕೀಯ ನುಗ್ಗಿತು. ರಾಜಕಾರಣಿ ಜೂಲಿಯಸ್ ಸೀಸರ್ ತನ್ನ ಅಪ್ಪ ಸತ್ತು ಸುಮಾರು 20 ವರ್ಷ ಆದಮೇಲೆ, ಕ್ರಿ.ಪೂ. 65ರಲ್ಲಿ, ಅವರ ನೆನಪಿಗೆ ಅಂತ 320 ಜೋಡಿ ಕಣಕ್ಕಿಳಿಸಿದ. ಅವನಿಗೆ ಜನರ ಒಲವು ಬೇಕಿತ್ತು. ಆದರೂ ಧರ್ಮ ಪೂರ್ತಿ ಮಾಯವಾಗಲಿಲ್ಲ. ಕೂರುವ ಜಾಗ ನೋಡಿ: ರೋಮ್‌ನ ಮೊದಲ ಚಕ್ರವರ್ತಿ ಅಗಸ್ಟಸ್ ಹೆಂಗಸರನ್ನೆಲ್ಲ ತೀರಾ ಮೇಲಿನ ಸಾಲಿಗೆ ಕಳಿಸಿದ, ವೆಸ್ಟಾ ದೇವಿಯ ಬೆಂಕಿ ಕಾಯುವ ಕನ್ಯೆಯರಿಗೆ ಮಾತ್ರ ಅಧಿಕಾರಿಯ ಎದುರಿಗೇ ಪ್ರತ್ಯೇಕ ಜಾಗ ಕೊಟ್ಟ.