ಟೋಪಿ ಕೆಳಗೆ ತೂತು ಇದ್ದರೆ ತಿನ್ನಬಹುದಾ?

ಮಳೆ ಶುರುವಾದದ್ದೇ ತಡ, ಬಂದ ಪತ್ರಗಳಲ್ಲಿ ಅರ್ಧಕ್ಕರ್ಧ ಅಣಬೆಯವೇ. ಹಾಗಾಗಿ ಈ ಸಲದ ಪುಟ ಪೂರ್ತಿ ಅವಕ್ಕೇ.

ಪ್ರಶ್ನೆ: ನಮ್ಮದು ಚನ್ನಗಿರಿ ತಾಲ್ಲೂಕು. ಅಡಿಕೆ ತೋಟದ ಬೇಲಿ ಪಕ್ಕ ಒಂದು ಹಳೇ ನೇರಳೆ ಮರ ಇದೆ. ಮಳೆ ಬಿದ್ದ ಮೇಲೆ ಅದರ ಬುಡದಲ್ಲಿ ದಪ್ಪ ದಪ್ಪ ಕಂದು ಅಣಬೆ ಎದ್ದಿವೆ, ಒಂದೊಂದೂ ಗೇಣು ಅಗಲ. ಮಗುಚಿ ನೋಡಿದರೆ ಪದರ ಇಲ್ಲ, ಬರೀ ಸಣ್ಣ ಸಣ್ಣ ತೂತು. ಒತ್ತಿದರೆ ಮೆತ್ತಗೆ. ಕೊಯ್ದರೆ ಒಳಗೆ ಹಳದಿ, ಸ್ವಲ್ಪ ಹೊತ್ತಿಗೆ ತಿಳಿ ನೀಲಿ. ಮಗನ ಮೊಬೈಲ್ ಆ್ಯಪ್ ಇದನ್ನು ಪೋರ್ಚಿನಿ ಅಂತ ತೋರಿಸ್ತು. ಕೆಜಿಗೆ ಸಾವಿರಾರು ರೂಪಾಯಿ ಅಂತೆ. ಮಾರಬಹುದಾ? ತಿನ್ನಬಹುದಾ?

ಉತ್ತರ: ಸದ್ಯಕ್ಕೆ ಎರಡೂ ಬೇಡ. ಮೊದಲು ಅದರ ಹೆಸರು ಗೊತ್ತಾಗಲಿ.

ನೀವು ಹೇಳಿದ್ದನ್ನು ನೋಡಿದರೆ ಅದು ಬೋಲೀಟ್ ಗುಂಪಿನದು ಅನ್ನಿಸುತ್ತದೆ. ಟೋಪಿ ಕೆಳಗೆ ಪದರದ ಬದಲು ತೂತಿನ ಸ್ಪಂಜು, ಮೆತ್ತನೆ ಮೈ, ನೆಲದಿಂದ ಎದ್ದ ದಪ್ಪ ಕಾಲು. ಇನ್ನೊಂದು ಪರೀಕ್ಷೆ ಮಾಡಿ. ಹೆಬ್ಬೆರಳಿನ ಉಗುರಿನಿಂದ ಆ ಸ್ಪಂಜನ್ನು ಒಂದು ಕಡೆಯಿಂದ ಎಬ್ಬಿಸಿ. ಬೋಲೀಟ್ ಆದರೆ ಅದು ಟೋಪಿಯಿಂದ ಸಲೀಸಾಗಿ ಬಿಟ್ಟುಕೊಂಡು ಬರುತ್ತದೆ. ಒಣ ಮರದ ದಿಮ್ಮಿಗೆ ಅಂಟಿಕೊಂಡು ಬೆಳೆಯುವ ಗಟ್ಟಿ ಅಣಬೆಗೂ ಕೆಳಗೆ ತೂತು ಇರುತ್ತದೆ, ಆದರೆ ಅದು ಹೀಗೆ ಬಿಡುವುದಿಲ್ಲ.

ಆದರೆ ಪೋರ್ಚಿನಿ? ಅಲ್ಲ. ಪೋರ್ಚಿನಿ ಅಂದರೆ ಯುರೋಪಿನಲ್ಲಿ ಆಸೆಪಟ್ಟು ತಿನ್ನುವ ಒಂದು ಬೋಲೀಟ್, ವಿಜ್ಞಾನದ ಹೆಸರು ಬೋಲೀಟಸ್ ಎಡ್ಯೂಲಿಸ್. ಅದರ ಮಾಂಸ ಬಿಳಿ, ಕೊಯ್ದರೂ ಬಿಳಿಯಾಗಿಯೇ ಇರುತ್ತದೆ, ನೀಲಿ ಆಗುವುದಿಲ್ಲ. ಕಾಲಿನ ಮೇಲ್ಭಾಗದಲ್ಲಿ ಸಣ್ಣ ಬಿಳಿ ಬಲೆ ಹೊದಿಸಿದ ಹಾಗೆ ಗೆರೆ ಇರುತ್ತದೆ. ಅದಕ್ಕಿಂತ ಮುಖ್ಯ ಸಂಗತಿ ಮರ. ಮಣ್ಣಿನೊಳಗೆ ಹರಡಿದ ಪೋರ್ಚಿನಿಯ ದಾರದಂಥ ಎಳೆಗಳು ಪೈನ್, ಸ್ಪ್ರೂಸ್, ಓಕ್, ಬೀಚ್ ಇಂಥ ಮರಗಳ ಬೇರಿಗೆ ಸುತ್ತಿಕೊಂಡು ಬದುಕುತ್ತವೆ. ಮರದಿಂದ ಸಕ್ಕರೆ ಪಡೆದು, ಮಣ್ಣಿನ ನೀರು, ರಂಜಕ ಎಲ್ಲ ಮರಕ್ಕೆ ಕೊಡುತ್ತವೆ. ನಮ್ಮ ಅಡಿಕೆ, ತೆಂಗಿನ ಬೇರಿಗೂ ಶಿಲೀಂಧ್ರದ ನಂಟು ಇದೆ ನಿಜ, ಆದರೆ ಅದು ಬೇರೆಯೇ ಬಗೆ, ಅದರಿಂದ ಅಣಬೆ ಏಳುವುದೇ ಇಲ್ಲ. ಆ್ಯಪ್‌ಗೆ ಫೋಟೋ ಮಾತ್ರ ಕಾಣುತ್ತದೆ. ಪಕ್ಕದಲ್ಲಿ ಯಾವ ಮರ ಇದೆ, ವಾಸನೆ ಹೇಗಿದೆ, ಕೊಯ್ದ ಮೇಲೆ ಏನಾಯಿತು ಅನ್ನುವುದು ಅದಕ್ಕೆ ಹೇಗೆ ಗೊತ್ತಾಗಬೇಕು?

ಹಾಗಾದರೆ ಯಾವುದಿರಬಹುದು? ಫ್ಲೆಬೋಪಸ್ ಅನ್ನುವ ಇನ್ನೊಂದು ಬೋಲೀಟ್ ಕುಲ ಇದೆ. ಕಂದು ಟೋಪಿ, ಬಲೆಯಿಲ್ಲದ ಊದಿದ ಕಾಲು, ಹಳದಿ ಮಾಂಸ, ಕೊಯ್ದರೆ ಅಲ್ಪಸ್ವಲ್ಪ ನೀಲಿ, ಗಾತ್ರ ಭಾರೀ ದೊಡ್ಡದು. ಇದು ಪೈನ್ ಕಾಡನ್ನೇ ಕಾಯುವುದಿಲ್ಲ, ಬಿಸಿ ದೇಶಗಳಲ್ಲಿ ಹಣ್ಣಿನ ಮರಗಳ ಬುಡದಲ್ಲೂ ಬರುತ್ತದೆ. ಅದರಲ್ಲಿ ಒಂದು ಜಾತಿಯನ್ನು ಥಾಯ್ಲೆಂಡಿನಲ್ಲಿ ಇಷ್ಟಪಟ್ಟು ತಿನ್ನುತ್ತಾರೆ, ಚೀನಾದಲ್ಲಿ ಬೆಳೆಯುತ್ತಾರೆ ಕೂಡ. ಇದನ್ನು ಓದಿ ಒಲೆ ಹಚ್ಚಬೇಡಿ ಮತ್ತೆ! ಪತ್ರ ನೋಡಿ ಜಾತಿ ಹೇಳಲು ಆಗುವುದಿಲ್ಲ, ನಿಮ್ಮ ವಿವರಣೆಗೆ ಹೊಂದುವ ಅಣಬೆ ಇನ್ನೂ ಇವೆ.

ಹೀಗೆ ಮಾಡಿ. ಒಂದು ಎಳೆಯದು, ಒಂದು ಬಲಿತದ್ದು, ಎರಡನ್ನೂ ಬುಡ ಸಮೇತ ಅಗೆದು ತೆಗೆಯಿರಿ. ಕಾಲು ಮುರಿದು ಟೋಪಿ ಮಾತ್ರ ತಂದರೆ ಅರ್ಧ ಗುರುತು ಮಣ್ಣಲ್ಲೇ ಉಳಿಯುತ್ತದೆ. ಬಲಿತ ಟೋಪಿಯನ್ನು ಬಿಳಿ ಹಾಳೆ ಮೇಲೆ ತೂತಿನ ಕಡೆ ಕೆಳಗಾಗಿ ಇಟ್ಟು, ಮೇಲೊಂದು ಬಟ್ಟಲು ಮುಚ್ಚಿ ರಾತ್ರಿ ಬಿಡಿ. ಬೆಳಗ್ಗೆ ಹಾಳೆ ಮೇಲೆ ಸ್ಪೋರ್ ಪುಡಿ, ಅಂದರೆ ಅಣಬೆಯ ಬೀಜದಂಥ ಧೂಳು, ಬಿದ್ದಿರುತ್ತದೆ, ಅದರ ಬಣ್ಣ ಬರೆದಿಡಿ. ಪ್ಲಾಸ್ಟಿಕ್ ಕವರ್ ಬೇಡ, ಬೆವತು ಕೊಳೆಯುತ್ತದೆ, ಪೇಪರಿನಲ್ಲಿ ಸುತ್ತಿ. ನಿಮಗೆ ದಾವಣಗೆರೆಗಿಂತ ಶಿವಮೊಗ್ಗ ಹತ್ತಿರ ಅಲ್ವಾ, ಅಲ್ಲಿನ ಕೆಳದಿ ಶಿವಪ್ಪ ನಾಯಕ ಕೃಷಿ ವಿಶ್ವವಿದ್ಯಾಲಯದಲ್ಲಿ ಸಸ್ಯರೋಗ ವಿಭಾಗದವರನ್ನು ಕೇಳಿ. ಶಿಲೀಂಧ್ರ ಅವರ ದಿನನಿತ್ಯದ ಕೆಲಸ.

ಪ್ರಶ್ನೆ: ನನ್ನ ಅಕ್ಕ ಜರ್ಮನಿಯಲ್ಲಿದ್ದಾಳೆ. ಅಲ್ಲಿ ಶರತ್ಕಾಲದಲ್ಲಿ ಎಲ್ಲರೂ ಬುಟ್ಟಿ ಹಿಡಿದು ಕಾಡಿಗೆ ಹೋಗ್ತಾರಂತೆ, ಇವಳೂ ಶುರು ಮಾಡಿದ್ದಾಳೆ. 'ಸ್ಪಂಜು ಇರೋದು ಯಾವುದೂ ವಿಷ ಅಲ್ಲ, ನೀಲಿ ಆದರೆ ಮಾತ್ರ ಬಿಸಾಕಿದರಾಯ್ತು' ಅಂತಾಳೆ. ಅಮ್ಮನಿಗೆ ನಿದ್ದೆ ಇಲ್ಲ. ಅಕ್ಕ ಹೇಳೋದು ಸರಿನಾ? – ದಾವಣಗೆರೆ

ಉತ್ತರ: ನಿಮ್ಮ ಅಕ್ಕನ ಮಾತಿನಲ್ಲಿ ಅರ್ಧ ಸರಿ ಇದೆ. ಅದೇ ತೊಂದರೆ.

ಜೀವ ತೆಗೆಯುವ ಡೆತ್ ಕ್ಯಾಪ್ ಥರದ ಅಣಬೆಗಳಿಗೆ ಟೋಪಿ ಕೆಳಗೆ ಪದರಗಳಿರುತ್ತವೆ. ಸ್ಪಂಜಿನವನ್ನೇ ಆರಿಸಿದರೆ ಅವು ಬುಟ್ಟಿಗೆ ಬೀಳುವುದಿಲ್ಲ, ಸರಿ. ಆದರೆ ಸ್ಪಂಜಿನವೆಲ್ಲ ಒಳ್ಳೆಯವು ಅಂತ ಅಲ್ಲ. ಸೈತಾನ ಬೋಲೀಟ್ ಅಂತ ಒಂದಿದೆ. ಸುಣ್ಣದ ಬಣ್ಣದ ಟೋಪಿ, ಕೆಳಗೆ ಕೆಂಪು ತೂತು, ಊದಿಕೊಂಡ ಕೆಂಪು ಕಾಲು, ಬಲಿತರೆ ಕೊಳೆತ ವಾಸನೆ. ಸುಣ್ಣದ ಮಣ್ಣಿರುವ ಬೆಚ್ಚನೆ ಕಾಡು ಅದರ ಜಾಗ. ತಿಂದವರು ವಾಂತಿ ಭೇದಿಯಲ್ಲಿ ಮಲಗಿಬಿಡುತ್ತಾರೆ. ಅಮೆರಿಕದ ಪಶ್ಚಿಮ ಕರಾವಳಿಯ ಒಂದು ಕೆಂಪು ತೂತಿನ ಬೋಲೀಟ್ ತಿಂದು 1994ರಲ್ಲಿ ಒಬ್ಬರು ಸತ್ತೂ ಇದ್ದಾರೆ. ತೂತು ಕೆಂಪಗೋ ಕಿತ್ತಳೆಯೋ ಇದ್ದರೆ ಹೊಸಬರು ಮುಟ್ಟದೆ ಮುಂದೆ ಹೋಗಲಿ.

ನೀಲಿಯ ವಿಷಯ ಬೇರೆ. ಕೊಯ್ದ ಬದನೆಕಾಯಿ ಗಾಳಿ ತಾಗಿ ಕಪ್ಪಾಗುತ್ತದಲ್ಲ, ಇದೂ ಹಾಗೆಯೇ, ಒಳಗಿನ ಒಂದು ಆಸಿಡ್ ಆಕ್ಸಿಜನ್ ಸೇರಿ ನೀಲಿಯಾಗುತ್ತದೆ. ಅದಕ್ಕೂ ವಿಷಕ್ಕೂ ಸಂಬಂಧ ಇಲ್ಲ. ಅಲ್ಲಿ ಜನ ಆಸೆಪಟ್ಟು ತರುವ ಬೇ ಬೋಲೀಟ್ ಬೆರಳು ಒತ್ತಿದ ಕಡೆಯೇ ನೀಲಿಯಾಗುತ್ತದೆ, ಆದರೂ ಬೇಯಿಸಿ ತಿನ್ನುತ್ತಾರೆ. ಇತ್ತ ಒಂಚೂರೂ ನೀಲಿಯಾಗದ ಕಹಿ ಬೋಲೀಟ್ ಇಡೀ ಬಾಣಲೆಯನ್ನು ಕೆಡಿಸುತ್ತದೆ.

ಅಕ್ಕ ನಿಜವಾಗಿ ಕಲಿಯಬೇಕಾದದ್ದು ಈ ಕಹಿಯದನ್ನೇ, ಯಾಕೆಂದರೆ ಪೋರ್ಚಿನಿ ಅಂತ ಮೋಸ ಹೋಗುವುದು ಹೆಚ್ಚಾಗಿ ಇದಕ್ಕೆ. ಮೇಲಿಂದ ನೋಡಿದರೆ ಎರಡೂ ಒಂದೇ ಥರ ಕಂದು, ಒಂದೇ ಕಾಡು, ಒಂದೇ ಕಾಲ. ಕೈಯಲ್ಲಿ ಹಿಡಿದು ಕಾಲು ನೋಡಬೇಕು. ಪೋರ್ಚಿನಿಗೆ ತಿಳಿ ಕಂದು ಕಾಲಿನ ಮೇಲೆ ಬಿಳಿ ಬಲೆ. ಕಹಿಯದಕ್ಕೆ ತಿಳಿ ಕಾಲಿನ ಮೇಲೆ ಗಾಢ ಕಂದು ಬಲೆ, ಉಬ್ಬಿಕೊಂಡು ಎದ್ದು ಕಾಣುತ್ತದೆ. ಆಮೇಲೆ ತೂತು. ಎಳೆಯದರಲ್ಲಿ ಎರಡಕ್ಕೂ ಬಿಳಿಯೇ, ಅಲ್ಲೇ ಎಡವುವುದು. ಬಲಿತ ಹಾಗೆ ಪೋರ್ಚಿನಿಯದು ಹಳದಿಗೆ ತಿರುಗಿ ಕೊನೆಗೆ ಹಸಿರು ಮಿಶ್ರವಾಗುತ್ತದೆ, ಕಹಿಯದು ನಸುಗುಲಾಬಿ ಆಗುತ್ತದೆ. ಇಷ್ಟಾದರೂ ಅನುಮಾನ ಉಳಿದರೆ ಅಲ್ಲಿನವರು ಅಕ್ಕಿಕಾಳಿನಷ್ಟು ಚೂರನ್ನು ನಾಲಿಗೆ ತುದಿಗೆ ಮುಟ್ಟಿಸಿ ಉಗಿಯುತ್ತಾರೆ. ಬೋಲೀಟ್ ಅಂತ ಖಾತ್ರಿ ಇದ್ದಾಗ, ತೂತು ಕೆಂಪಲ್ಲದಾಗ ಮಾತ್ರ ಆ ಉಪಾಯ. ನಮ್ಮ ಕಡೆಯ ಅಣಬೆಗಳ ಮೇಲೆ ಯಾರೂ ಅದನ್ನು ಪ್ರಯೋಗ ಮಾಡಬೇಡಿ.

ಅಮ್ಮನಿಗೆ ಸಮಾಧಾನ ಆಗುವ ಮಾತೂ ಇದೆ. ಜರ್ಮನಿಯ ಎಷ್ಟೋ ಊರುಗಳಲ್ಲಿ ಅಣಬೆ ಸಲಹೆಗಾರರು ಇರುತ್ತಾರೆ, ಬುಟ್ಟಿ ತೆಗೆದುಕೊಂಡು ಹೋದರೆ ಒಂದೊಂದನ್ನೇ ನೋಡಿ ಹೇಳುತ್ತಾರೆ. ಅಕ್ಕ ಮೊದಲ ವರ್ಷಗಳಲ್ಲಿ ಅವರಿಗೆ ತೋರಿಸದೆ ಏನೂ ಬೇಯಿಸದಿರಲಿ. ಕಾಯಿದೆ ಪ್ರಕಾರ ಮನೆಗೆ ಬೇಕಾದಷ್ಟು ಮಾತ್ರ ಕೀಳಬಹುದು. ಅವಳಿರುವುದು ಬವೇರಿಯಾ ಆದರೆ ಬೇ ಬೋಲೀಟನ್ನು ಜಾಸ್ತಿ ತಿನ್ನದಿರುವುದು ಒಳ್ಳೆಯದು. 1986ರ ಚೆರ್ನೋಬಿಲ್ ಅಣುಸ್ಥಾವರ ದುರಂತದ ವಿಕಿರಣ ಸೂಸುವ ಸೀಸಿಯಂ ಆ ಕಡೆ ಕಾಡಿನ ಮಣ್ಣಿನಲ್ಲಿ ಇನ್ನೂ ಇದೆ, ಈ ಅಣಬೆ ಅದನ್ನು ಚೆನ್ನಾಗಿ ಹೀರಿಕೊಳ್ಳುತ್ತದೆ.

ಪ್ರಶ್ನೆ: ಬೆಳ್ಳಿ ಚಮಚ ಕಪ್ಪಾದರೆ ವಿಷ, ಹುಳ ತಿಂದಿದ್ದರೆ ಒಳ್ಳೇದು, ಅರಿಶಿನ ಹಾಕಿ ಕುದಿಸಿದರೆ ವಿಷ ಹೋಗುತ್ತೆ ಅಂತ ನಮ್ಮಜ್ಜಿ ಹೇಳ್ತಾರೆ. ಅವರು ಎಂಬತ್ತು ವರ್ಷದಿಂದ ಅಣಬೆ ತಿಂದು ಗಟ್ಟಿಯಾಗೇ ಇದ್ದಾರಲ್ಲ? – ಹೊಸದುರ್ಗ

ಉತ್ತರ: ಮೂರೂ ಸುಳ್ಳು. ಬೆಳ್ಳಿಗೆ ಅಣಬೆಯ ವಿಷ ಗೊತ್ತಾಗುವುದಿಲ್ಲ. ನಮ್ಮನ್ನು ಕೊಲ್ಲುವ ಅಣಬೆಯನ್ನು ಹುಳ, ಬಸವನಹುಳು ಆರಾಮಾಗಿ ತಿನ್ನುತ್ತವೆ. ಡೆತ್ ಕ್ಯಾಪಿನ ವಿಷ ಎಷ್ಟು ಕುದಿಸಿದರೂ ಹೋಗುವುದಿಲ್ಲ, ಅರಿಶಿನ ಹಾಕಿದರೆ ಬಣ್ಣ ಬರುತ್ತದೆ ಅಷ್ಟೆ. ಅಜ್ಜಿ ಗಟ್ಟಿಯಾಗಿರುವುದು ಚಮಚದಿಂದಲ್ಲ. ಅವರು ಅದೇ ಹುತ್ತ, ಅದೇ ಮಳೆ, ಅದೇ ಹುತ್ತದ ಅಣಬೆ ಬಿಟ್ಟು ಬೇರೆಯದಕ್ಕೆ ಕೈ ಹಾಕಿರಲಿಕ್ಕಿಲ್ಲ. ಅವರ ಜೊತೆ ಹೊಲಕ್ಕೆ ಹೋಗಿ ಅದನ್ನು ಕಲಿತುಕೊಳ್ಳಿ, ಚಮಚದ ಕಥೆ ಬಿಡಿ.

ಪ್ರಶ್ನೆ: ಮನೆ ಹಿಂದೆ ಗೊಬ್ಬರ ಹರಡಿದ ಜಾಗದಲ್ಲಿ ದೊಡ್ಡ ಬಿಳಿ ಅಣಬೆ ಬಂದಿವೆ. ಹುತ್ತದ ಅಣಬೆ ಹಾಗೇ ಕಾಣುತ್ತೆ. ಒಂದೇನಾ? – ಹೊನ್ನಾಳಿ

ಉತ್ತರ: ಇದು ಬೋಲೀಟ್ ಅಲ್ಲ, ಆದರೆ ನಮ್ಮ ಬಯಲುಸೀಮೆಯಲ್ಲಿ ನಿಜವಾದ ಅಪಾಯ ಇದರದ್ದೇ. ಹುಲ್ಲು, ಗೊಬ್ಬರದ ಮಣ್ಣಿನಲ್ಲಿ ಬರುವ ಕ್ಲೋರೋಫಿಲಮ್ ಮಾಲಿಬ್ಡೈಟಿಸ್ ಅನ್ನುವ ವಿಷದ ಅಣಬೆ ಇರಬಹುದು. ಟೋಪಿ ಮೇಲೆ ಕಂದು ಹೊಪ್ಪಳೆ, ಕಾಲಿಗೆ ಬಳೆ, ಕೆಳಗಿನ ಪದರ ಮೊದಲು ಬಿಳಿ, ಬಲಿತಾಗ ಬೂದು ಹಸಿರು. ಹಾಳೆ ಮೇಲೆ ಇಟ್ಟರೆ ಪುಡಿಯೂ ಹಸಿರು. ಹುತ್ತದ ಅಣಬೆಗೆ ಟೋಪಿ ನಡುವೆ ಮೊನೆ ಇರುತ್ತದೆ, ಕಾಲನ್ನು ಅಗೆದರೆ ಬೇರಿನ ಥರ ಉದ್ದಕ್ಕೆ ಇಳಿದು ಗೆದ್ದಲ ಗೂಡಿಗೇ ಮುಟ್ಟುತ್ತದೆ, ಪದರ ನಸುಗುಲಾಬಿಯಾಗುತ್ತದೆ, ಹಸಿರಾಗುವುದೇ ಇಲ್ಲ.

ಯಾರಾದರೂ ತಿಂದುಬಿಟ್ಟಿದ್ದರೆ ಕಾಯಬೇಡಿ. 108ಕ್ಕೆ ಫೋನ್ ಮಾಡಿ, ಉಳಿದ ಅಣಬೆ, ಪಲ್ಯ ಏನಿದ್ದರೂ ಆಸ್ಪತ್ರೆಗೆ ಜೊತೆಗೆ ಒಯ್ಯಿರಿ. ಹಸಿರು ಪದರದ್ದು ಒಂದರಿಂದ ಮೂರು ಗಂಟೆಯೊಳಗೆ ವಾಂತಿ ಭೇದಿ ತರುತ್ತದೆ. ಅದಕ್ಕಿಂತ ಹೆದರಬೇಕಾದದ್ದು ಆರು ಗಂಟೆ ಕಳೆದ ಮೇಲೆ ಶುರುವಾಗುವ ವಾಂತಿಗೆ. ಡೆತ್ ಕ್ಯಾಪ್ ಜಾತಿಯದು ಹಾಗೆ ಮಾಡುತ್ತದೆ. ಮಧ್ಯೆ ಒಂದು ದಿನ ಹುಷಾರಾದಂತೆ ಕಾಣುತ್ತದೆ, ಅಷ್ಟರಲ್ಲಿ ಲಿವರ್ ಕೆಡುತ್ತಿರುತ್ತದೆ. 'ಈಗ ಪರವಾಗಿಲ್ಲ' ಅಂತ ಮನೆಗೆ ಕರೆದುಕೊಂಡು ಬರಬೇಡಿ.

ಪ್ರಶ್ನೆ: ಚಿತ್ರದುರ್ಗದ ಹತ್ತಿರ ನೀಲಗಿರಿ ತೋಪಿನಲ್ಲಿ ಮಣ್ಣಿನೊಳಗೆ ಅರ್ಧ ಹೂತ ಉಂಡೆ ಅಣಬೆ ಸಿಗುತ್ತವೆ. ಮಲೆನಾಡಿನವರು ತಿನ್ನೋ ಕಲ್ಲಣಬೆ ಇದೇನಾ? ಜೋಗಿಮಟ್ಟಿಯಲ್ಲಿ ಬೋಲೀಟ್ ಸಿಗಬಹುದಾ?

ಉತ್ತರ: ತಿನ್ನಬೇಡಿ. ಅಡ್ಡ ಕೊಯ್ದು ನೋಡಿ. ಒಳಗೆ ನೇರಳೆ ಕಪ್ಪು, ಸುತ್ತ ದಪ್ಪ ಸಿಪ್ಪೆ ಇದ್ದರೆ ಸ್ಕ್ಲೆರೋಡರ್ಮಾ, ವಿಷ. ಒಳಗೆ ಸಣ್ಣ ಕಾಳುಗಳಂತೆ ತುಂಬಿದ್ದು ಆಮೇಲೆ ಕಂದು ಪುಡಿಯಾದರೆ ಪಿಸೋಲಿಥಸ್. ನೀಲಗಿರಿ, ಅಕೇಶಿಯಾ ಬೇರಿಗೆ ಇವೆರಡೂ ಮಾಮೂಲಿ ನಂಟರು. ತಮಾಷೆ ಅಂದರೆ ಈ ಉಂಡೆಗಳೂ, ಆ ಕಲ್ಲಣಬೆಯೂ ಬೋಲೀಟುಗಳ ಗಣಕ್ಕೇ ಸೇರಿದವು. ನೋಡಿದರೆ ಯಾರೂ ನಂಬುವುದಿಲ್ಲ.

ಜೋಗಿಮಟ್ಟಿ ಒಣ ಕುರುಚಲು ಕಾಡು, ಬೋಲೀಟ್ ಬಯಸುವಂಥ ಮರಗಳು ಅಲ್ಲಿ ಕಡಿಮೆ. ಕಂಡರೂ ಫೋಟೋ ತೆಗೆದು ಬನ್ನಿ, ಅದು ವನ್ಯಜೀವಿಧಾಮ, ಕೀಳುವ ಹಾಗಿಲ್ಲ.

ಪ್ರಶ್ನೆ: ಮಗಳು ಬೆಂಗಳೂರಿನಿಂದ ಒಣ ಪೋರ್ಚಿನಿ ಪೊಟ್ಟಣ ತಂದಿದ್ದಾಳೆ. ನಂಬಬಹುದಾ? ಹೇಗೆ ಬಳಸೋದು? – ದಾವಣಗೆರೆ

ಉತ್ತರ: ಒಳ್ಳೆಯ ಅಂಗಡಿಯ, ಸೀಲ್ ಇರುವ ಪೊಟ್ಟಣ ಆದರೆ ಬಳಸಿ. ಒಳಗಿರುವುದು ಬೋಲೀಟಸ್ ಎಡ್ಯೂಲಿಸೇ ಅಂತ ಮಾತ್ರ ಪ್ರಮಾಣ ಮಾಡಲು ಆಗುವುದಿಲ್ಲ. 2014ರಲ್ಲಿ ಲಂಡನ್ನಿನ ಕ್ಯೂ ಸಸ್ಯೋದ್ಯಾನದ ವಿಜ್ಞಾನಿಗಳು ಅಂಗಡಿಯಿಂದ ತಂದ ಚೀನಾ ಪೋರ್ಚಿನಿಯ ಒಂದೇ ಪೊಟ್ಟಣದ ಡಿಎನ್ಎ ನೋಡಿದರು. ಅದರಲ್ಲಿ ಮೂರು ಜಾತಿ ಇದ್ದವು, ಮೂರಕ್ಕೂ ಅಲ್ಲಿಯವರೆಗೆ ವಿಜ್ಞಾನದಲ್ಲಿ ಹೆಸರೇ ಇರಲಿಲ್ಲ. ಜನ ಮಾತ್ರ ಬಹಳ ಕಾಲದಿಂದ ತಿನ್ನುತ್ತಲೇ ಇದ್ದರು.

ಒಂದು ಹಿಡಿ ಅಣಬೆಯನ್ನು ಬಿಸಿ ನೀರಿನಲ್ಲಿ ಅರ್ಧ ಗಂಟೆ ನೆನೆಸಿ. ನೆನೆಸಿದ ನೀರು ಚೆಲ್ಲಬೇಡಿ, ರುಚಿಯೆಲ್ಲ ಅದರಲ್ಲೇ ಇರುತ್ತದೆ. ತಳದಲ್ಲಿ ಮರಳು ನಿಂತಿರುತ್ತದೆ, ಬಟ್ಟೆಯಲ್ಲಿ ಸೋಸಿ ಪಲಾವಿಗೆ ಹಾಕಿ. ಮೊದಲ ಸಲ ಸ್ವಲ್ಪವೇ ತಿನ್ನಿ, ಕೆಲವರ ಹೊಟ್ಟೆಗೆ ಒಳ್ಳೆಯ ಅಣಬೆಯೂ ಒಗ್ಗುವುದಿಲ್ಲ.