ಲೇಸ್ ಹರಿದಿದೆಯೆ? ಮೊದಲು ಅಂಟಿನ ಟ್ಯೂಬ್ ದೂರವಿಡಿ

ಪ್ರಶ್ನೆ: ನಮ್ಮ ಅತ್ತೆಯವರು ಆಂಧ್ರದ ನರಸಾಪುರದಿಂದ ತಂದಿದ್ದ ಕ್ರೋಶಾ ಲೇಸಿನ ಮೇಜುಹಾಸಿನಲ್ಲಿ ಅಂಗೈಯಗಲ ತೂತಾಗಿದೆ. ಹಿಂದಿನಿಂದ ನೆಟ್ ಬಟ್ಟೆ ಇಟ್ಟು ಅಂಟಿಸಬಹುದೆ?

ಉತ್ತರ: ಬೇಡ. ಅಂಟು, ಉಗುರುಬಣ್ಣ, ಇಸ್ತ್ರಿಯಿಂದ ಕೂರಿಸುವ ಪಟ್ಟಿ ಎಂದು ವೀಡಿಯೊ ಮಾಡುವವರಿಗೆ ಆಮೇಲೆ ಆ ಲೇಸ್ ಏನಾಯಿತೆಂದು ನೋಡುವ ಕರ್ಮವಿಲ್ಲ. ಅದು ನನ್ನ ಪಾಲಿಗೆ ಬರುತ್ತದೆ. ಅಂಟು ಒಣಗಿ ಗಡುಸಾದ ಮೇಲೆ ಅದರ ಅಂಚಿನಲ್ಲೇ ನೂಲು ಮತ್ತೆ ಕಡಿಯುತ್ತದೆ. ತೂತನ್ನಾದರೂ ಹೆಣೆಯಬಹುದು, ಅಂಟು ಕುಡಿದ ನೂಲಿನೊಳಗೆ ಸೂಜಿಯೇ ಇಳಿಯುವುದಿಲ್ಲ.

ಒಗೆಯಲೂ ಅವಸರ ಬೇಡ. ಕ್ರೋಶಾದಲ್ಲಿ ಒಂದು ಕುಣಿಕೆಯನ್ನು ಇನ್ನೊಂದು ಹಿಡಿದಿರುತ್ತದೆ. ನೀರು ಕುಡಿದು ಭಾರವಾದರೆ ತೂತು ದೊಡ್ಡದಾಗುತ್ತದೆ. ಬಿಚ್ಚಿಕೊಂಡ ಪ್ರತಿ ಕುಣಿಕೆಯನ್ನೂ ಮೊದಲು ಬಣ್ಣದ ನೂಲಿನಲ್ಲಿ ಪೋಣಿಸಿ ಹಿಡಿಯಿರಿ. ಕಡಿದ ತುದಿಗಳನ್ನು ಕತ್ತರಿಸಬೇಡಿ, ಒಳಗೆ ಸೇರಿಸಿ ಹೊಲಿಯಲು ಅವು ಬೇಕು.

ನಿಮಗೊಂದು ಅನುಕೂಲವಿದೆ. ನರಸಾಪುರದ ಕಡೆ ಹೂಗಳನ್ನು ಒಬ್ಬರು ಹೆಣೆದು, ಜೋಡಿಸುವ ಕೆಲಸವನ್ನು ಇನ್ನೊಬ್ಬರು ಮಾಡುವ ಪದ್ಧತಿಯಿದೆ. ಹಾಸನ್ನು ತಿರುಗಿಸಿ ನೋಡಿ. ಬಿಡಿ ಹೂಗಳ ಜೋಡಣೆಯಾದರೆ ಕೆಟ್ಟ ಹೂವನ್ನಷ್ಟೇ ಸಂದಿನಲ್ಲಿ ಬಿಡಿಸಿ ತೆಗೆಯಿರಿ. ಪಕ್ಕದ ಹೂವಿನ ಕುಣಿಕೆಗಳನ್ನು ಎಣಿಸಿ ಹೊಸದನ್ನು ಹೆಣೆದು, ಕೊನೆಯ ಸುತ್ತಿನಲ್ಲೇ ನೆರೆಯ ಹೂಗಳಿಗೆ ಸೇರಿಸುತ್ತಾ ಹೋಗಿ. ಹತ್ತಿ ನೂಲೇ ಆಗಬೇಕು. ಉಂಡೆಯ ಮೇಲಿನ ಸಂಖ್ಯೆ 20, 40, 60 ಎಂದು ಏರಿದಂತೆ ನೂಲು ತೆಳುವಾಗುತ್ತದೆ. ಅಂದಾಜಿನಲ್ಲಿ ಕೊಳ್ಳದೆ ಒಂದು ಹೂ ಹೆಣೆದು ಹಳೆಯದರ ಮೇಲಿಟ್ಟು ನೋಡಿ. ನೂಲನ್ನು ಮೊದಲೇ ತೊಳೆದು ಒಣಗಿಸಿ, ಇಲ್ಲದಿದ್ದರೆ ಆಮೇಲೆ ಕುಗ್ಗಿ ಸುತ್ತಲಿನದನ್ನೆಲ್ಲ ಎಳೆಯುತ್ತದೆ. ಬಿಳುಪು ಕಣ್ಣಿಗೆ ಹೊಡೆದರೆ ಚಹಾ ಡಿಕಾಕ್ಷನ್‌ನಲ್ಲಿ ಅದ್ದಬಹುದು. ನೂಲನ್ನು ಮಾತ್ರ, ಹಾಸನ್ನಲ್ಲ!

ಮುಟ್ಟಿದರೇ ಹಳೆಯ ನೂಲು ಪುಡಿಯಾಗುತ್ತಿದ್ದರೆ ಹೆಣೆಯಲು ಹೋಗಬೇಡಿ. ಹೊಸ ನೂಲಿನ ಬಿಗಿಗೆ ಹಳೆಯದು ಕಡಿಯುತ್ತದೆ. ತೆಳು ಹತ್ತಿ ಬಟ್ಟೆಯ ಮೇಲೆ ಹರಡಿ, ಸಡಿಲವಾಗಿ ಹೊಲಿದು ಇಟ್ಟುಕೊಳ್ಳಿ. ಊಟದ ಮೇಜಿಗೆ ಬೇರೆ ಹಾಸು ಕೊಳ್ಳಿ.

ಪ್ರಶ್ನೆ: ಲೇಸಿನ ಮೇಲಿನ ತುಕ್ಕಿನ ಕಲೆಗೆ ಬ್ಲೀಚ್?

ಉತ್ತರ: ಕಲೆ ಉಳಿಯುತ್ತದೆ, ಲೇಸ್ ಹೋಗುತ್ತದೆ.

ಪ್ರಶ್ನೆ: ಮದುವೆಯ ವೇಲಿನ ನೈಲಾನ್ ನೆಟ್ ಇಸ್ತ್ರಿಗೆ ಕರಗಿದೆ. ಮೊದಲಿನಂತಾಗುತ್ತದೆಯೆ?

ಉತ್ತರ: ಇಲ್ಲ.

ಪ್ರಶ್ನೆ: ಅರ್ಧ ಗಂಟೆಯಲ್ಲಿ ಗುರುತೇ ಸಿಗದಂತೆ ಮಾಡಿಕೊಡುತ್ತೇವೆ ಎನ್ನುವ ಅಂಗಡಿಗೆ ಕೊಡಲೆ?

ಉತ್ತರ: ಅವರು ಮಾಡಿದ ಹಳೆಯ ಕೆಲಸವೊಂದರ ಹಿಂಬದಿ ತೋರಿಸಲು ಹೇಳಿ. ತೋರಿಸದಿದ್ದರೆ ಎದ್ದು ಬನ್ನಿ.

ಪ್ರಶ್ನೆ: ಮೀಟರ್ ಲೆಕ್ಕದಲ್ಲಿ ತಂದು ಲಂಗದ ಅಂಚಿಗೆ ಹಚ್ಚಿದ್ದ ಲೇಸ್ ಕಿತ್ತುಹೋಗಿದೆ.

ಉತ್ತರ: ಇನ್ನೊಂದು ಮೀಟರ್ ತನ್ನಿ.