ರೆಡ್ ಬಾರ್ನ್ ಕೊಲೆಯನ್ನು ಕನಸು ಪತ್ತೆ ಮಾಡಿತು ಅನ್ನೋದು ನಿಜವೇ?

ಕನಸಿನ ಮಾತು ಬಂದದ್ದು ನಿಜ. ದೆವ್ವದ ಕೈವಾಡ ಇತ್ತು ಅನ್ನೋದನ್ನು ನಾನಂತೂ ನಂಬುವುದಿಲ್ಲ.

ಇಂಗ್ಲೆಂಡಿನ ಸಫೋಕ್ ಜಿಲ್ಲೆಯ ಪೋಲ್‌ಸ್ಟೆಡ್ ಹಳ್ಳಿ. 1827ರ ಮೇ ತಿಂಗಳಲ್ಲಿ ಮರಿಯಾ ಮಾರ್ಟೆನ್ ತನ್ನ ಪ್ರಿಯಕರ ವಿಲಿಯಂ ಕಾರ್ಡರ್ ಜೊತೆ ಓಡಿಹೋಗಿ ಮದುವೆಯಾಗಲು ಹೊರಟಳು. ಇಬ್ಬರೂ ಸೇರಬೇಕಿದ್ದದ್ದು ರೆಡ್ ಬಾರ್ನ್ ಎಂಬ ಕೊಟ್ಟಿಗೆಯಲ್ಲಿ. ಆಮೇಲೆ ಅವಳನ್ನು ಯಾರೂ ನೋಡಲಿಲ್ಲ. ಕಾರ್ಡರ್ ಮಾತ್ರ ಅವಳು ಚೆನ್ನಾಗಿದ್ದಾಳೆ ಎಂದು ಕಾಗದ ಬರೆಯುತ್ತಲೇ ಇದ್ದ.

ಸುಮಾರು 11 ತಿಂಗಳಾದ ಮೇಲೆ, ಮರಿಯಾಳನ್ನು ಕೊಂದು ಆ ಕೊಟ್ಟಿಗೆಯಲ್ಲೇ ಹೂತಂತೆ ಕನಸು ಬಿತ್ತು ಎಂದು ಮಲತಾಯಿ ಆ್ಯನ್ ಹೇಳಿದಳು. 1828ರ ಏಪ್ರಿಲ್‌ನಲ್ಲಿ ಅಪ್ಪ ಹೋಗಿ ನೆಲ ಅಗೆದ. ಹೆಣ ಅಲ್ಲೇ ಇತ್ತು!

ಆದರೆ ಮಲತಾಯಿಗೆ ಮರಿಯಾಗಿಂತ ವಯಸ್ಸು ಹೆಚ್ಚೇನೂ ಜಾಸ್ತಿ ಇರಲಿಲ್ಲ. ಅವಳಿಗೂ ಕಾರ್ಡರ್‌ಗೂ ಸಂಬಂಧವಿತ್ತು, ವಿಷಯ ಮೊದಲೇ ಗೊತ್ತಿತ್ತು ಎಂಬ ಗುಮಾನಿ ಇದೆ. ಸಾಬೀತಾಗಿಲ್ಲ. ಆದರೂ ಕನಸಿಗೆ ಅಷ್ಟು ಸರಿಯಾಗಿ ಜಾಗ ಗೊತ್ತಿರುತ್ತಾ?

ಅಷ್ಟರಲ್ಲಿ ಕಾರ್ಡರ್ ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟು ಬೇರೊಬ್ಬಳನ್ನು ಮದುವೆಯಾಗಿದ್ದ. 1828ರ ಆಗಸ್ಟ್ 11ರಂದು ಬರಿ ಸೇಂಟ್ ಎಡ್ಮಂಡ್ಸ್‌ನಲ್ಲಿ ಅವನನ್ನು ಗಲ್ಲಿಗೇರಿಸಿದರು. ನೋಡಲು ಸಾವಿರಾರು ಜನ! ಜನ ಕೊಟ್ಟಿಗೆಯ ಹಲಗೆಗಳನ್ನೂ ನೆನಪಿಗೆಂದು ಕಿತ್ತುಕೊಂಡು ಹೋದರು. ಇನ್ನೂ ವಿಚಿತ್ರ ಅಂದರೆ, ಅವನ ಚರ್ಮದಿಂದಲೇ ರಟ್ಟು ಹಾಕಿದ ವಿಚಾರಣೆಯ ಪುಸ್ತಕ ಅದೇ ಊರಿನ ಮಾಯ್ಸಸ್ ಹಾಲ್ ಮ್ಯೂಸಿಯಂನಲ್ಲಿದೆ.